ವಿಕಿಪೀಡಿಯದಲ್ಲಿ ಬರೆದದ್ದನ್ನು ತೆಗೆದುಹಾಕಿದ್ದಾರೆ, ಯಾರನ್ನು ಕೇಳಲಿ?

ಕಡೂರು ತಾಲ್ಲೂಕಿನಿಂದ ಒಬ್ಬ ಪ್ರೌಢಶಾಲಾ ಶಿಕ್ಷಕಿ:

ಎಲ್ಲರಿಗೂ ನಮಸ್ಕಾರ. ಕನ್ನಡ ವಿಕಿಪೀಡಿಯದಲ್ಲಿ ನಮ್ಮೂರಿನ ಬಗ್ಗೆ ನಾಲ್ಕು ಸಾಲಿನ ಪುಟ ಇದೆ. ಬೇಸಿಗೆ ರಜೆಯಲ್ಲಿ ಕೂತು ಅದಕ್ಕೆ ಈಶ್ವರ ದೇವಸ್ಥಾನದ ವಿಷಯ, ಅದರ ಅಂಗಳದಲ್ಲಿರುವ ಶಾಸನದ ಕಲ್ಲು, ಊರ ಕೆರೆ ಕಟ್ಟಿಸಿದ ಬಗ್ಗೆ ನಮ್ಮ ತಾತ ಹೇಳುತ್ತಿದ್ದ ಕಥೆ ಎಲ್ಲ ಸೇರಿಸಿದೆ. ಎರಡು ದಿನ ಬಿಟ್ಟು ನೋಡಿದರೆ ಒಂದು ಸಾಲೂ ಇಲ್ಲ. ಮತ್ತೆ ಹಾಕಿದೆ, ಮತ್ತೆ ತೆಗೆದರು. ಮೂರನೇ ಸಲ ಹಾಕಿದಾಗ ನನ್ನ ಹೆಸರಿನ ಚರ್ಚೆ ಪುಟದಲ್ಲಿ ಎಚ್ಚರಿಕೆ ಬಂದು ಕೂತಿದೆ. ಜೊತೆಗೆ ಹಾಕಿದ್ದ ದೇವಸ್ಥಾನದ ಫೋಟೋ ಕೂಡ ಹೋಯಿತು. ನಾನೇನೂ ಸುಳ್ಳು ಬರೆದಿಲ್ಲ. ಆ ಕಲ್ಲು ನಾನು ಹುಟ್ಟಿದಾಗಿನಿಂದ ನೋಡಿರುವ ಕಲ್ಲು. ಇದನ್ನು ಯಾರ ಹತ್ತಿರ ಕೇಳಬೇಕು, ಹೇಗೆ ಕೇಳಬೇಕು? ಈ ದಾರಿಯಲ್ಲಿ ನಡೆದವರು ದಯವಿಟ್ಟು ನಿಮ್ಮ ಅನುಭವ ಹೇಳಿ.

ಅರಸೀಕೆರೆಯಿಂದ:

ಮೇಡಂ, ಮೊದಲು ಸಮಾಧಾನ ಮಾಡಿಕೊಳ್ಳಿ, ನೀವು ಬರೆದದ್ದು ಎಲ್ಲೂ ಹೋಗಿಲ್ಲ. ಪುಟದ ಮೇಲ್ಗಡೆ ಇತಿಹಾಸ ಅಂತ ಇದೆಯಲ್ಲ, ಅದನ್ನು ಒತ್ತಿ. ಯಾರು, ಯಾವ ದಿನ, ಎಷ್ಟು ಗಂಟೆಗೆ ಏನು ಬದಲಾಯಿಸಿದರು ಅನ್ನುವುದು ಸಾಲಾಗಿ ಸಿಗುತ್ತದೆ. ನಿಮ್ಮ ಹಳೆಯ ಬರಹ ಇಡೀ ಅಲ್ಲೇ ಇರುತ್ತದೆ. ತೆಗೆದವರು ಪಕ್ಕದಲ್ಲಿ ಒಂದು ಸಣ್ಣ ಕಾರಣವನ್ನೂ ಬರೆದಿರುತ್ತಾರೆ. ಅದನ್ನು ಓದಿ ಇಲ್ಲಿ ಹಾಕಿ, ಆಮೇಲೆ ಮುಂದಿನದು ಹೇಳಬಹುದು.

ಕಡೂರಿನ ಶಿಕ್ಷಕಿ:

ನೋಡಿದೆ ಸರ್. "ಉಲ್ಲೇಖ ಇಲ್ಲ" ಅಂತ ಎರಡು ಕಡೆ ಇದೆ. ಮೂರನೆಯದರಲ್ಲಿ "ಚರ್ಚೆ ಪುಟ ನೋಡಿ" ಅಂತಿದೆ. ಊರಿನ ಪುಟದ ಚರ್ಚೆ ಪುಟಕ್ಕೆ ಹೋಗಿ ನೋಡಿದರೆ ನನಗಾಗಿಯೇ ಒಬ್ಬರು ಎರಡು ಸಾಲು ಬರೆದಿದ್ದಾರೆ. ಇಷ್ಟು ದಿನ ನನ್ನ ಕಣ್ಣಿಗೆ ಬಿದ್ದೇ ಇರಲಿಲ್ಲ.

ಹಾಸನದಿಂದ, ಎಂಟು ವರ್ಷದಿಂದ ಕನ್ನಡ ವಿಕಿಪೀಡಿಯದಲ್ಲಿ ಬರೆಯುತ್ತಿರುವವನು:

ಮೇಡಂ, ಸ್ವಲ್ಪ ಉದ್ದವಾಗಿಯೇ ಬರೆಯುತ್ತೇನೆ. ನಿಮ್ಮ ಜಾಗದಲ್ಲಿ ನಾನೂ ನಿಂತಿದ್ದೆ.

ಹಲ್ಮಿಡಿ ನಮ್ಮ ಜಿಲ್ಲೆಯದು, ಬೇಲೂರು ತಾಲ್ಲೂಕು. ಸುಮಾರು ಕ್ರಿ.ಶ. 450ರ ಆ ಶಾಸನವೇ ಕನ್ನಡದ ಮೊದಲ ಶಾಸನ ಅಂತ ಶಾಲೆಯಲ್ಲಿ ಓದಿ ಬೆಳೆದವರು ನಾವು. ಅದನ್ನೇ ಒಂದು ಸಾಲಾಗಿ ಬರೆದಿದ್ದೆ. ಒಬ್ಬರು ಬಂದು ತಾಳಗುಂದದ ಸಿಂಹಕಟಾಂಜನ ಶಾಸನದ ಹೆಸರು ಸೇರಿಸಿದರು. ಶಿಕಾರಿಪುರ ತಾಲ್ಲೂಕಿನ ಅದು ಸುಮಾರು ಕ್ರಿ.ಶ. 370ರದು ಅಂತ ಪುರಾತತ್ವ ಸರ್ವೇಕ್ಷಣ ಇಲಾಖೆಯವರು ಕಾಲ ಹೇಳಿದ್ದಾರೆ ಅಂತ ಬರೆದರು. ನನಗೆ ಮೈ ಉರಿಯಿತು. ನಮ್ಮ ಜಿಲ್ಲೆಯ ಹೆಮ್ಮೆಗೆ ಕೈ ಹಾಕಿದರು ಅನ್ನಿಸಿ ತೆಗೆದೆ. ಅವರು ಹಾಕಿದರು, ನಾನು ತೆಗೆದೆ. ಒಂದೇ ಸಂಜೆಯಲ್ಲಿ ಹೀಗೇ ನಡೆಯಿತು. ಆಮೇಲೆ ಅವರೇ ನನ್ನ ಚರ್ಚೆ ಪುಟಕ್ಕೆ ಬಂದು, "ನಿಮ್ಮ ಸಾಲು ತಪ್ಪು ಅಂತ ನಾನು ಹೇಳುತ್ತಿಲ್ಲ, ಎರಡೂ ಇರಲಿ, ಯಾರು ಏನು ಹೇಳಿದ್ದಾರೆ ಅನ್ನುವುದನ್ನು ಮೂಲದ ಸಮೇತ ಬರೆಯೋಣ" ಅಂದರು. ಹಲ್ಮಿಡಿಯನ್ನು ಬಹುಕಾಲದಿಂದ ಮೊದಲ ಶಾಸನವೆಂದು ಗುರುತಿಸಿಕೊಂಡು ಬಂದದ್ದು, ಎಂ.ಎಚ್. ಕೃಷ್ಣ ಅವರು 1936ರಲ್ಲಿ ಅದನ್ನು ಬೆಳಕಿಗೆ ತಂದದ್ದು ಒಂದು ಕಡೆ, ತಾಳಗುಂದದ ಹೊಸ ವಾದ ಇನ್ನೊಂದು ಕಡೆ. ಇಬ್ಬರೂ ಸೇರಿ ಬರೆದ ಆ ಪ್ಯಾರಾ ನಾನೊಬ್ಬನೇ ಬರೆದದ್ದಕ್ಕಿಂತ ಎಷ್ಟೋ ಗಟ್ಟಿಯಾಗಿತ್ತು. ಅವತ್ತಿನಿಂದ ಅವರೇ ನನಗೆ ವಿಕಿಪೀಡಿಯ ಕಲಿಸಿದ ಗುರು. ಇವತ್ತಿಗೂ ಮುಖ ನೋಡಿಲ್ಲ.

ಅದಕ್ಕೇ ಹೇಳುವುದು, ಮೊದಲು ಕೇಳಬೇಕಾದದ್ದು ತೆಗೆದವರನ್ನೇ. ಅವರು ನಿಮ್ಮ ಮೇಲೆ ಹಗೆ ಇಟ್ಟುಕೊಂಡು ಕೂತವರಲ್ಲ. ನಮ್ಮ ಹಾಗೆಯೇ ಕೆಲಸ ಮುಗಿಸಿ ಬಂದು ರಾತ್ರಿ ಹೊತ್ತು ಕೂರುವವರು. ಅವರು ಆಗಲೇ ಚರ್ಚೆ ಪುಟದಲ್ಲಿ ಮಾತು ಶುರು ಮಾಡಿದ್ದಾರೆ ಅಂದಮೇಲೆ ಅದರ ಕೆಳಗೇ ಉತ್ತರ ಬರೆಯಿರಿ. ಮೂರನೇ ಸಲ ಹಾಕಿದ್ದೀರಲ್ಲ, ನಾಲ್ಕನೇ ಸಲ ಮಾತ್ರ ಬೇಡ. ಇಂಗ್ಲಿಷ್ ವಿಕಿಪೀಡಿಯದಲ್ಲಾದರೆ 24 ಗಂಟೆಯೊಳಗೆ ಒಂದೇ ಪುಟದಲ್ಲಿ ಮೂರಕ್ಕಿಂತ ಹೆಚ್ಚು ಸಲ ಇನ್ನೊಬ್ಬರದನ್ನು ಹಿಂದಕ್ಕೆ ತಿರುಗಿಸಿದರೆ ಬರೆಯುವ ಅವಕಾಶವನ್ನೇ ಸ್ವಲ್ಪ ಕಾಲ ಕಟ್ಟಿಹಾಕಬಹುದು. ನಿಮ್ಮದು ಸರಿಯಿತ್ತೋ ಇಲ್ಲವೋ ಅನ್ನುವುದು ಅಲ್ಲಿ ಲೆಕ್ಕಕ್ಕೆ ಬರುವುದಿಲ್ಲ. ನಿಮಗೆ ಬಂದ ಎಚ್ಚರಿಕೆ ಶಿಕ್ಷೆಯಲ್ಲ, "ನಿಂತು ಮಾತಾಡಿ" ಅನ್ನುವ ಕರೆ.

ಈಗ ಹೇಗೆ ಕೇಳುವುದು ಅನ್ನುವುದಕ್ಕೆ ಬರುತ್ತೇನೆ. "ನನ್ನ ಲೇಖನ ಯಾಕೆ ತೆಗೆದಿರಿ?" ಅಂತ ಕೇಳಿದರೆ ಉತ್ತರ ಬರುವುದು ಕಷ್ಟ. ಯಾವ ಪುಟ, ಯಾವ ದಿನದ ಬದಲಾವಣೆ, ಯಾವ ಸಾಲು, ಅದಕ್ಕೆ ನಿಮ್ಮ ಕೈಯಲ್ಲಿ ಏನು ಆಧಾರ ಇದೆ, ಇಷ್ಟನ್ನು ಇಟ್ಟು ಕೇಳಿ. ಇತಿಹಾಸದಲ್ಲಿ ಎರಡು ಆವೃತ್ತಿ ಗುರುತು ಹಾಕಿ ಹೋಲಿಸಿದರೆ ಹಳೆಯದು ಹೊಸದು ಅಕ್ಕಪಕ್ಕ ಕಾಣುತ್ತದೆ. ಆ ಪುಟದ ವಿಳಾಸವನ್ನೇ ನಿಮ್ಮ ಪ್ರಶ್ನೆಯಲ್ಲಿ ಅಂಟಿಸಿ. ನೋಡುವವರಿಗೆ ಹುಡುಕುವ ಕೆಲಸ ತಪ್ಪಿತು ಅಂದರೆ ಅರ್ಧ ಉತ್ತರ ಬಂದ ಹಾಗೇ.

ಇನ್ನೊಂದು ಸಣ್ಣ ವಿಷಯ, ಇದರಲ್ಲಿ ತುಂಬ ಜನ ಎಡವುತ್ತಾರೆ. ಚರ್ಚೆಯ ಕೊನೆಯಲ್ಲಿ ನಾಲ್ಕು ಟಿಲ್ಡೆ ಹಾಕಬೇಕು, ~~~~ ಹೀಗೆ. ಅದೇ ನಿಮ್ಮ ಸಹಿ ಮತ್ತು ತಾರೀಕು ಆಗುತ್ತದೆ. ಒಬ್ಬರ ಗಮನ ಸೆಳೆಯಬೇಕು ಅಂದರೆ ಅವರ ಸದಸ್ಯ ಪುಟದ ಕೊಂಡಿ ಹಾಕಿ, ಅದೇ ಉಳಿಸುವಿಕೆಯಲ್ಲಿ ಸಹಿಯೂ ಇರಬೇಕು. ಸಹಿ ಮರೆತು ಉಳಿಸಿ, ಆಮೇಲೆ ಸಹಿ ಒಂದನ್ನೇ ಸೇರಿಸಿದರೆ ಅವರಿಗೆ ಸೂಚನೆ ಹೋಗುವುದೇ ಇಲ್ಲ. ನೀವು ಇಲ್ಲಿ ಕಾಯುತ್ತಿರುತ್ತೀರಿ, ಅವರಿಗೆ ಗೊತ್ತೇ ಇರುವುದಿಲ್ಲ.

ಅವರಿಂದ ವಾರ ಕಳೆದರೂ ಉತ್ತರ ಬರಲಿಲ್ಲ ಅಂದರೆ ಕನ್ನಡ ವಿಕಿಪೀಡಿಯದಲ್ಲೇ ಇರುವ ಅರಳಿ ಕಟ್ಟೆ ಅನ್ನುವ ಚರ್ಚೆಯ ಪುಟಕ್ಕೆ ಹೋಗಿ. ಹೆಸರೇ ಹೇಳುತ್ತದಲ್ಲ, ಊರವರೆಲ್ಲ ಸೇರುವ ಜಾಗ. ಕನ್ನಡ ವಿಕಿಪೀಡಿಯ ಶುರುವಾದದ್ದು 2003ರಲ್ಲಿ. ಇಷ್ಟು ವರ್ಷವಾದರೂ ದಿನಾ ಬರೆಯುವವರು, ನಿರ್ವಾಹಕರು ಕಡಿಮೆ ಜನ. ಹಾಗಾಗಿ ಗಂಟೆಗಳಲ್ಲಿ ಉತ್ತರ ನಿರೀಕ್ಷಿಸಬೇಡಿ. ಒಂದೇ ಪ್ರಶ್ನೆಯನ್ನು ನಾಲ್ಕು ಕಡೆ ಹಾಕಲೂ ಬೇಡಿ. ಒಬ್ಬರು ಒಂದು ಕಡೆ ಒಂದು ಹೇಳಿ, ಇನ್ನೊಬ್ಬರು ಇನ್ನೊಂದು ಕಡೆ ಬೇರೆ ಹೇಳಿ ಗೊಂದಲವಾಗುತ್ತದೆ. ಇಂಗ್ಲಿಷ್ ವಿಕಿಪೀಡಿಯದಲ್ಲಿ ಹೊಸಬರಿಗೆ ಅಂತಲೇ 2012ರಲ್ಲಿ ತೆರೆದ ಟೀಹೌಸ್ ಅನ್ನುವ ಪ್ರಶ್ನೋತ್ತರದ ಪುಟ ಇದೆ, ಅಲ್ಲಿ ಬೇಗ ಉತ್ತರ ಸಿಗುತ್ತದೆ, ಬಹಳ ಮರ್ಯಾದೆಯಿಂದ ಹೇಳುತ್ತಾರೆ. ಆದರೆ ಅವರು ಹೇಳುವುದು ಇಂಗ್ಲಿಷ್ ವಿಕಿಪೀಡಿಯದ ನಿಯಮ. ಕನ್ನಡದ ಪುಟದಲ್ಲಿ ಏನಾಯಿತು ಅಂತ ಅವರು ತೀರ್ಮಾನ ಕೊಡಲಾರರು.

ಇನ್ನು ಆಧಾರದ ಮಾತು. ನಿಮ್ಮ ಕಲ್ಲಿಗೆ ಆಧಾರ ಸಿಗುವ ಸಾಧ್ಯತೆ ತುಂಬ ಇದೆ. ಬಿ.ಎಲ್. ರೈಸ್ ಅವರು ಶಾಸನಗಳನ್ನು ಸಂಗ್ರಹಿಸಿ ಅಚ್ಚು ಹಾಕಿಸಿದ ಎಪಿಗ್ರಾಫಿಯಾ ಕರ್ನಾಟಿಕಾ ಪುಸ್ತಕಮಾಲೆಯಲ್ಲಿ ಹಾಸನ ಜಿಲ್ಲೆಯದು 5ನೇ ಸಂಪುಟ, 1902ರದು. ನಿಮ್ಮ ಜಿಲ್ಲೆಯದು 6ನೇ ಸಂಪುಟ, 1901ರದು. ಅದರ ಮೇಲೆ ಚಿಕ್ಕಮಗಳೂರು ಅಂತ ಇರುವುದಿಲ್ಲ, ಆಗ ಜಿಲ್ಲೆಯ ಹೆಸರೇ ಕಡೂರು. ಇದು ಗೊತ್ತಿಲ್ಲದೆ ಹುಡುಕಿ ಹುಡುಕಿ ಕೈಬಿಟ್ಟವರನ್ನು ನೋಡಿದ್ದೇನೆ. ಶಾಸನಗಳನ್ನು ತಾಲ್ಲೂಕುವಾರು ಸಂಖ್ಯೆ ಕೊಟ್ಟು ಜೋಡಿಸಿದ್ದಾರೆ. ಮೂಲ ಪಾಠ ಕನ್ನಡ ಲಿಪಿಯಲ್ಲೇ ಇದೆ, ಇಂಗ್ಲಿಷ್ ಅನುವಾದವೂ ಇದೆ. ರೈಸ್ ತೀರಿಹೋದದ್ದು 1927ರಲ್ಲಿ, ಹಾಗಾಗಿ ಕಾಪಿರೈಟಿನ ತಾಪತ್ರಯವೂ ಇಲ್ಲ, ಅಂತರ್ಜಾಲದಲ್ಲಿ ಪೂರ್ತಿ ಸಿಗುತ್ತದೆ. ಮೈಸೂರು ವಿಶ್ವವಿದ್ಯಾನಿಲಯದ ಕನ್ನಡ ಅಧ್ಯಯನ ಸಂಸ್ಥೆಯವರ ಪರಿಷ್ಕೃತ ಸಂಪುಟಗಳನ್ನೂ ನೋಡಿ. ಊರಿನ ಜನಸಂಖ್ಯೆ, ಮನೆಗಳ ಲೆಕ್ಕಕ್ಕೆ 2011ರ ಜನಗಣತಿಯ ಜಿಲ್ಲಾ ಕೈಪಿಡಿ ಸಾಕು.

ತಾತ ಹೇಳಿದ ಕಥೆ ಮಾತ್ರ, ಮೇಡಂ, ಹೇಳಲು ನನಗೂ ಬೇಜಾರು, ಹಾಗೆಯೇ ಹಾಕಲು ಬರುವುದಿಲ್ಲ. ಬೇರೆಯವರು ಪರೀಕ್ಷಿಸಿ ನೋಡಬಹುದಾದ, ಎಲ್ಲೋ ಅಚ್ಚಾದ ಮೂಲ ಬೇಕು. ಅದು ತಾತನ ಮಾತು ಸುಳ್ಳು ಅಂತಲ್ಲ. ಅವರ ಮಾತನ್ನು ಬರೆದಿಡಿ, ಜಿಲ್ಲಾ ಪತ್ರಿಕೆಗೋ ಜಾನಪದದ ಕೆಲಸ ಮಾಡುವ ಪತ್ರಿಕೆಗೋ ಕಳಿಸಿ. ಅಲ್ಲಿ ಅಚ್ಚಾದ ಮೇಲೆ "ಊರಲ್ಲಿ ಹೀಗೊಂದು ಹೇಳಿಕೆ ಇದೆ" ಅಂತ ಸೇರಿಸುವ ದಾರಿ ತೆರೆಯುತ್ತದೆ.

ಮೂಡಿಗೆರೆಯಿಂದ:

ಫೋಟೋ ವಿಷಯ ನಾನು ಹೇಳುತ್ತೇನೆ ಅಕ್ಕ. ಅದು ನೀವೇ ತೆಗೆದದ್ದಾ ಅಥವಾ ವಾಟ್ಸಾಪಿನಲ್ಲಿ ಬಂದದ್ದಾ?

ಕಡೂರಿನ ಶಿಕ್ಷಕಿ:

ಊರಿನ ಗ್ರೂಪಿನಲ್ಲಿ ಬಂದದ್ದು. ಯಾರೋ ಹುಡುಗರು ಜಾತ್ರೆಯಲ್ಲಿ ತೆಗೆದದ್ದು.

ಮೂಡಿಗೆರೆಯಿಂದ:

ಅದೇ ಕಾರಣ. ದೇವಸ್ಥಾನ ನಮ್ಮದಾದರೂ ಫೋಟೋ ಹಕ್ಕು ತೆಗೆದವರದು. ನನ್ನದೂ ಹೀಗೇ ಹೋಗಿತ್ತು, ಬೆಳವಾಡಿ ವೀರನಾರಾಯಣ ಗುಡಿಯದು, ಅದೂ ನಾನೇ ತೆಗೆದದ್ದು. ಆದರೆ ಅಣ್ಣನಿಗೆ ಕಳಿಸಿ ಅವನಿಂದ ವಾಪಸ್ ತರಿಸಿಕೊಂಡ ಪ್ರತಿ ಹಾಕಿಬಿಟ್ಟಿದ್ದೆ. ವಾಟ್ಸಾಪ್ ಫೋಟೋವನ್ನು ಕುಗ್ಗಿಸುತ್ತದೆ, ಯಾವ ಕ್ಯಾಮೆರಾ, ಯಾವಾಗ ತೆಗೆದದ್ದು ಅನ್ನುವ ಮಾಹಿತಿಯನ್ನೂ ಕಿತ್ತುಹಾಕುತ್ತದೆ. ನೋಡುವವರಿಗೆ ಎಲ್ಲಿಂದಲೋ ಎತ್ತಿಕೊಂಡ ಹಾಗೆ ಕಾಣುತ್ತದೆ. ಫೋನಿನಲ್ಲಿರುವ ಮೂಲ ಫೈಲನ್ನೇ ಹಾಕಿದ ಮೇಲೆ ಯಾರೂ ಮುಟ್ಟಲಿಲ್ಲ.

ಇನ್ನೊಂದು, ಫೋಟೋ ಇರುವುದು ಕಾಮನ್ಸ್ ಅನ್ನುವ ಬೇರೆ ತಾಣದಲ್ಲಿ. ಅಲ್ಲಿ ಅಳಿಸಿದ್ದಕ್ಕೆ ಅರಳಿ ಕಟ್ಟೆಯಲ್ಲಿ ಕೇಳಿದರೆ ಕನ್ನಡದ ನಿರ್ವಾಹಕರು ಏನೂ ಮಾಡಲಾಗುವುದಿಲ್ಲ, ಅಲ್ಲಿಯ ಸಹಾಯ ಪುಟದಲ್ಲೇ ಕೇಳಬೇಕು. ಅದಕ್ಕಿಂತ ನೀವೇ ಹೋಗಿ ಹೊಸದು ತೆಗೆಯುವುದು ಸುಲಭ. ಕಲ್ಲಿನ ಮೇಲೆ ಓರೆ ಬಿಸಿಲು ಬೀಳುವ ಹೊತ್ತು ನೋಡಿಕೊಂಡು ಹೋಗಿ, ನೆರಳಿನಲ್ಲಿ ಅಕ್ಷರ ಎದ್ದು ಕಾಣುತ್ತದೆ. ನಡುಮಧ್ಯಾಹ್ನ ಬರೀ ಬೂದು ಚಪ್ಪಡಿ ಕಾಣುತ್ತದೆ. ಓದಲಿ ಅಂತ ಸೀಮೆಸುಣ್ಣ, ಹಿಟ್ಟು, ಎಣ್ಣೆ ಏನೂ ಹಚ್ಚಬೇಡಿ ಅಕ್ಕ, ಕಲ್ಲು ಹಾಳಾಗುತ್ತದೆ.

ಚಿಕ್ಕಮಗಳೂರಿನಿಂದ, ಹೋಂಸ್ಟೇ ನಡೆಸುವವರು:

ನಾನು ಒಂದೇ ಮಾತು ಸೇರಿಸುತ್ತೇನೆ. ಮುಳ್ಳಯ್ಯನಗಿರಿಯ ಬಗ್ಗೆ ಬರೆಯುವಾಗ ನಮ್ಮ ಹೋಂಸ್ಟೇ ಹೆಸರನ್ನೂ ಸೇರಿಸಿದ್ದೆ. ಬರೆದದ್ದೆಲ್ಲ ತೆಗೆದರು, ನನಗೂ ನೋವಾಗಿತ್ತು. ಆಮೇಲೆ ಒಬ್ಬರು ತಾಳ್ಮೆಯಿಂದ ತಿಳಿಸಿದರು: ನಮಗೆ ಲಾಭವಿರುವ ವಿಷಯವಾದರೆ ನಾವೇ ಪುಟಕ್ಕೆ ಕೈ ಹಾಕದೆ, ಚರ್ಚೆ ಪುಟದಲ್ಲಿ "ನನಗೆ ಇದರೊಡನೆ ಸಂಬಂಧವಿದೆ" ಅಂತ ಮೊದಲೇ ಹೇಳಿ ಸಲಹೆ ಇಡಬೇಕು ಅಂತ. ಆಮೇಲೆ ಹಾಗೇ ಮಾಡಿದ್ದೇನೆ. ಬೆಟ್ಟದ ದಾರಿಯ ಬಗ್ಗೆ ಕೊಟ್ಟ ತಿದ್ದುಪಡಿಗಳನ್ನು ಬೇರೆಯವರೇ ಸೇರಿಸಿದರು. ನೀವು ದೇವಸ್ಥಾನದ ಸಮಿತಿಯಲ್ಲಿ ಇದ್ದರೆ ಅದನ್ನೂ ಹೇಳಿಬಿಡಿ, ಒಳ್ಳೆಯದು.

ಹಾಸನದಿಂದ, ಕಾಲೇಜಿನಲ್ಲಿ ಕನ್ನಡ ಕಲಿಸುವವರು:

ಮಕ್ಕಳ ಕೈಲಿ ಬರೆಸುವ ಯೋಚನೆ ಇದ್ದರೆ ಒಂದು ಕಿವಿಮಾತು. ನೇರ ಪುಟಕ್ಕೆ ಬಿಡಬೇಡಿ. ಪ್ರತಿಯೊಬ್ಬರ ಖಾತೆಯಲ್ಲೂ ಪ್ರಯೋಗಪುಟ ಇರುತ್ತದೆ, ಅಲ್ಲಿ ಬರೆಸಿ, ಅದರ ಕೊಂಡಿ ಕೊಟ್ಟು ಅನುಭವಿಗಳಿಂದ ನೋಡಿಸಿ. ನಮ್ಮ ಮೊದಲ ತಂಡದಲ್ಲಿ ಹಲವರು ಯಂತ್ರ ಅನುವಾದವನ್ನು ತಂದು ಹಾಗೇ ಅಂಟಿಸಿದ್ದರು. ಓದಿದರೆ ಕನ್ನಡದ ಉಸಿರೇ ಇರಲಿಲ್ಲ. ಎಲ್ಲ ಅಳಿಸಿದ ದಿನ ಮಕ್ಕಳು ಅತ್ತೇಬಿಟ್ಟರು. ಎರಡನೇ ವರ್ಷ ಒಬ್ಬೊಬ್ಬರಿಗೆ ಅವರವರ ಊರಿನ ಒಂದೇ ಪ್ಯಾರಾ, ಎರಡು ಪುಸ್ತಕದ ಆಧಾರ, ಅಷ್ಟೇ ಕೊಟ್ಟೆ. ಕೊರವಂಗಲದ ಹುಡುಗಿ ಬೂಚೇಶ್ವರ ಗುಡಿಯ ಬಗ್ಗೆ ಬರೆದ ಪ್ಯಾರಾಕ್ಕೆ ಅಪರಿಚಿತರೊಬ್ಬರು ಕಾಗುಣಿತ ತಿದ್ದಿ, "ಚೆನ್ನಾಗಿ ಬರೆದಿದ್ದೀಯಮ್ಮ" ಅಂತ ಅವಳ ಚರ್ಚೆ ಪುಟದಲ್ಲಿ ಬರೆದು ಹೋಗಿದ್ದರು. ಅದನ್ನು ಅವಳು ಮೊಬೈಲಿನಲ್ಲಿ ತರಗತಿಗೆಲ್ಲ ತೋರಿಸಿದಳು.

ಕಡೂರಿನ ಶಿಕ್ಷಕಿ, ಹನ್ನೊಂದು ದಿನದ ಮೇಲೆ:

ಎಲ್ಲರಿಗೂ ತುಂಬು ಹೃದಯದ ಧನ್ಯವಾದ. 6ನೇ ಸಂಪುಟದಲ್ಲಿ ನಮ್ಮೂರ ಕಲ್ಲು ಸಿಕ್ಕಿತು! ಊರಿನ ಹೆಸರನ್ನು ಹಳೆಯ ರೂಪದಲ್ಲಿ ಬರೆದಿದ್ದಾರೆ, ಅದಕ್ಕೇ ಮೊದಲ ಸಲ ತಪ್ಪಿಹೋಗಿತ್ತು. ಕೆರೆಯ ಕೆಳಗೆ ದೇವರಿಗೆ ಗದ್ದೆ ಬಿಟ್ಟ ವಿಷಯ ಅದರಲ್ಲಿದೆ. ಕೆರೆ ಕಟ್ಟಿಸಿದವರು ಯಾರು ಅಂತ ಇಲ್ಲ, ಆದರೆ ಅಷ್ಟು ಹಿಂದೆಯೇ ಕೆರೆ ಇತ್ತು ಅನ್ನುವುದಂತೂ ಆಯಿತು. ಓದಿದಾಗ ತಾತ ನೆನಪಾಗಿ ಕಣ್ಣು ತುಂಬಿ ಬಂತು.

ಚರ್ಚೆ ಪುಟದಲ್ಲಿ ನಾನು ಬರೆದದ್ದು ಇಷ್ಟು: "ನಮಸ್ಕಾರ. ಆಧಾರವಿಲ್ಲದೆ ಮೂರು ಸಲ ಸೇರಿಸಿದ್ದಕ್ಕೆ ಕ್ಷಮೆ ಇರಲಿ. ಶಾಸನದ ಸಾಲಿಗೆ ಎಪಿಗ್ರಾಫಿಯಾ ಕರ್ನಾಟಿಕಾ 6ನೇ ಸಂಪುಟದ ಕಡೂರು ತಾಲ್ಲೂಕಿನ ಶಾಸನ ಸಂಖ್ಯೆ, ಪುಟ ಸಂಖ್ಯೆ ಕೆಳಗೆ ಕೊಟ್ಟಿದ್ದೇನೆ. ಕೆರೆಯ ಕಥೆಯನ್ನು ಸದ್ಯಕ್ಕೆ ಬಿಟ್ಟಿದ್ದೇನೆ. ಈ ಎರಡು ಸಾಲು ಸೇರಿಸಬಹುದೇ, ದಯವಿಟ್ಟು ತಿಳಿಸಿ." ನಾಲ್ಕು ಟಿಲ್ಡೆ ಮರೆಯಲಿಲ್ಲ. ಆರನೇ ದಿನ ಉತ್ತರ ಬಂತು. ಅವರೇ ಸೇರಿಸಿ, ಉಲ್ಲೇಖವನ್ನು ಸರಿಯಾದ ರೂಪದಲ್ಲಿ ಕೂರಿಸಿ, ಆ ಪುಟಕ್ಕೆ ಒಂದು ಫೋಟೋ ಬೇಕಿತ್ತು ಅಂತ ಕೇಳಿದ್ದಾರೆ. ಭಾನುವಾರ ಬೆಳಗ್ಗೆ ಬಿಸಿಲು ಏರುವ ಮೊದಲು ನನ್ನದೇ ಫೋನ್ ತಗೊಂಡು ಹೋಗುತ್ತಿದ್ದೇನೆ. ಅಂಗಳದ ಹುಲ್ಲು ಕೀಳಲು ಏಳನೇ ತರಗತಿಯ ನಾಲ್ಕು ಮಕ್ಕಳೂ ಬರುತ್ತಾರಂತೆ.