ಪುಟ್ಟ, ನಿನ್ನಮ್ಮನ ಮೈಕೈ ನೋವಿನ ವಿಷ್ಯ

ಕನ್ನಡಕ ಸಿಗ್ತಿಲ್ಲ, ಹಂಗಾಗಿ ಮಾತಲ್ಲೇ ಹೇಳ್ತೀನಿ. ಉದ್ದ ಆದ್ರೆ ಬೈಕೋಬೇಡಿ. ಪುಟ್ಟ, ನಿನ್ನೆ ರಾತ್ರಿ ನಮ್ಮ ಮನೆಯೋರ ಗ್ರೂಪಲ್ಲಿ ಹಾಕಿದ್ಯಲ್ಲ, ಅಮ್ಮನ ಟೆಸ್ಟೆಲ್ಲ ನಾರ್ಮಲ್, ಆದ್ರೂ ದಿನಾ ಮೈಕೈ ನೋವು, ನಿದ್ದೆ ಇಲ್ಲ ಅಂತಾಳೆ, ಮನೇಲಿ ಇನ್ವರ್ಟರ್ ಇದೆ, ಕ್ಯಾಮೆರಾ ಹಾಕ್ಸಿದೀನಿ, ಇನ್ನೇನು ಕಮ್ಮಿ ಅಂತ. ಬೈತಿಲ್ಲ ಮಾರಾಯ, ನೀ ಮಾಡಿದ್ದು ಕಮ್ಮಿ ಏನಲ್ಲ.

ಮೊನ್ನೆ ನಾ ಸಾಗರದಿಂದ ಹೋಗಿ ಎರಡು ದಿನ ಇದ್ನಲ್ಲ. ಸಂಜೆ ಆಗ್ತಿದ್ದಂಗೆ ಅಕ್ಕ, ಅದೇ ನಿನ್ನಮ್ಮ, ಮುಖ ತೊಳ್ದು, ಸೀರೆ ಬದಲಾಯ್ಸಿ, ಹೂವಿನ ಬುಟ್ಟಿ ಹಿಡ್ಕೊಂಡು ಜಗಲಿಗೆ ಬಂದು ಕೂತ್ಳು. ಒಳಗೆ ಫ್ಯಾನಿದೆ, ಇಲ್ಯಾಕೆ ಸೊಳ್ಳೆ ಕಚ್ಚಿಸ್ಕೊಳ್ತೀಯೆ ಅಂದೆ. 'ಅವ್ನು ಆಫೀಸು ಮುಗಿಸಿ ಒಂದ್ಸಲ ನೋಡ್ತಾನಂತೆ' ಅಂದ್ಳು. ಕ್ಯಾಮೆರಾ ಕಡೆ ಮುಖ ಮಾಡ್ಕೊಂಡೇ ಹೂ ಕಟ್ಟಿದ್ಳು ಕಣೋ.

ಅದೇ ಜಗಲೀಲಿ ಸುಗ್ಗಿ ಬಂದ್ರೆ ಹತ್ತು ಹನ್ನೆರಡು ಜನ ಮೆಟ್ಟುಗತ್ತಿ ಇಟ್ಕೊಂಡು ಅಡಿಕೆ ಸುಲೀತಿದ್ರು. ರಾತ್ರಿ ಹನ್ನೊಂದಾದ್ರೂ ಮಾತು ಮುಗೀತಿರ್ಲಿಲ್ಲ. ಗಂಡನ್ನ ಬೈಯೋರು, ಹಾಡೋರು, ಅಳೋರೂ ಇದ್ರು. ತಲೆ ಬಗ್ಸಿ ಅಡಿಕೆ ಸುಲೀತಾ ಅತ್ರೆ ಯಾರೂ ನೋಡಲ್ಲ ನೋಡು. ಈಗ ಮಷಿನ್ ಬಂತು, ಇಲ್ಲಾಂದ್ರೆ ಹಸಿ ಅಡಿಕೇನೇ ಚೇಣಿಗೆ, ಅಂದ್ರೆ ಗುತ್ತಿಗೆಗೆ, ಕೊಡ್ತೀವಿ. ತಪ್ಪು ಅಂತಿಲ್ಲ, ಸುಲಿಯಕ್ಕೆ ಜನ ಎಲ್ಲಿದಾರೆ? ಆದ್ರೆ ಆ ಮಾತೆಲ್ಲ ಈಗ ಅಕ್ಕನ ಮೊಣಕಾಲಿಗೆ ಇಳ್ದಿದೆ. 'ಬೇಜಾರಾಗ್ತದೆ' ಅಂದ್ರೆ ದೇವಸ್ಥಾನಕ್ಕೆ ಹೋಗ್ಬಾ ಅಂತಾರೆ. ಕಾಲು ನೋವು ಅಂದ್ರೆ ಮಗ ಫೋನ್ ಮಾಡ್ತಾನೆ.

ಇನ್ನೊಂದು... ಯಾರಿಗೂ ಹೇಳಿರ್ಲಿಲ್ಲ. ಮಗಳು ಕೆನಡಾಕ್ಕೆ ಹೋದ ವರ್ಷ, ಒಂದ್ ರಾತ್ರಿ ಎರಡು ಗಂಟೆಗೆ ನಾನೇ 14416ಕ್ಕೆ ಮಾಡಿದ್ದೆ. ಟೆಲಿ ಮಾನಸ್ ಅಂತ, ಮನಸ್ಸಿನ ಕಷ್ಟ ಹೇಳ್ಕೊಳ್ಳೋಕೆ ಸರ್ಕಾರದ ಫೋನ್ ಸಹಾಯ, 2022ರಲ್ಲಿ ಶುರುವಾಗಿದ್ದು, ನಿಮ್ಹಾನ್ಸ್ ಇದೆ ಅದ್ರ ಹಿಂದೆ. ದುಡ್ಡಿಲ್ಲ, ಕನ್ನಡದಲ್ಲೇ ಮಾತಾಡ್ತಾರೆ. ಆ ಹುಡುಗಿ ಉಪದೇಶ ಏನೂ ಮಾಡ್ಲಿಲ್ಲ, ಸುಮ್ನೆ ಕೇಳಿಸ್ಕೊಂಡ್ಳು. ನಿಮ್ಮ ಮಾವ ಪಕ್ಕದಲ್ಲೇ ಗೊರಕೆ ಹೊಡೀತಿದ್ರು. ಈಗ ಇಲ್ಲಿ ಕೇಳಿಸ್ಕೊಂಡು ಏನಂತಾರೋ, ಅನ್ಲಿ ಬಿಡು. ಅಕ್ಕನ ನಿದ್ದೆ ಹಿಂಗೇ ಆದ್ರೆ ಡಾಕ್ಟರಿಗೂ ಈ ಬೇಜಾರನ್ನ ಬಿಡ್ಸಿ ಹೇಳು, ಬರೀ ಕಾಲು ತೋರ್ಸಬೇಡ.

ಮತ್ತೆ ಫೋನಲ್ಲಿ 'ಊಟ ಆಯ್ತಾ, ಮಾತ್ರೆ ಆಯ್ತಾ' ಬಿಟ್ಟು ಬೇರೆ ಏನಾದ್ರೂ ಕೇಳು. ತಂಬುಳಿ ಹೆಂಗೆ ಮಾಡದು ಅನ್ನು. ಗೊತ್ತಿದ್ರೂ ಕೇಳು, ಜಗಳ ಆಡು ಬೇಕಾದ್ರೆ. ನಾ ಶನಿವಾರ ಮತ್ತೆ ಹೋಗ್ತೀನಿ, ಹೆಂಗೂ ಸರ್ಕಾರಿ ಬಸ್ಸಲ್ಲಿ ನಮ್ಮಂಥ ಹೆಂಗಸರಿಗೆ ಟಿಕೆಟ್ ದುಡ್ಡಿಲ್ಲ.

ಅಯ್ಯೋ, ಹಾಲು ಉಕ್ಕಿತು... ಹಾಂ, ಇಪ್ಪತ್ಮೂರು ಜನ ಇದೀವಿ ಈ ಗ್ರೂಪಲ್ಲಿ. ಅಕ್ಕನ್ನ ಇನ್ನೂ ಯಾಕೆ ಸೇರ್ಸಿಲ್ಲ?