ಸೆಮಿ ರಾಡ್ರಾಡ್ರಾ ಯಾವ ದೇಶದವನು? ಬ್ಯಾಚ್ ಗ್ರೂಪಿನ ಭಾನುವಾರದ ಜಗಳ

ಗಿರೀಶ: (ಫಾರ್ವರ್ಡ್ ಮಾಡಿದ ವಿಡಿಯೊ) "ದುಡ್ಡಿಗಾಗಿ ದೇಶ ಬಿಟ್ಟ, ಆಟ ಬಿಟ್ಟ, ಕೊನೆಗೆ ಒಲಿಂಪಿಕ್ ಚಿನ್ನ ಹೊಡೆದ ಫಿಜಿಯ ರಗ್ಬಿ ಆಟಗಾರ!!"

ಗಿರೀಶ: ಓಟ ನೋಡ್ರಪ್ಪ, ನಾಲ್ಕು ಜನ ಮೈಮೇಲೆ ಬಿದ್ದರೂ ನಿಲ್ಲಲ್ಲ. ಆದ್ರೆ ಮೊದಲು ಫಿಜಿ, ಆಮೇಲೆ ಆಸ್ಟ್ರೇಲಿಯಾ, ಮತ್ತೆ ಫಿಜಿ. ದೇಶ ಅಂದ್ರೆ ಸಿಟಿ ಬಸ್ಸಾ, ಹತ್ತಿ ಇಳಿದು ಮತ್ತೆ ಹತ್ತೋಕೆ?

ಬಸವರಾಜ: ಆ ಹೆಸರು ಓದಾಕ ಬರವಲ್ದು ನನಗ. ಯಾರ್ಲೇ ಅಂವಾ?

ಮಂಜು (ಸಿಡ್ನಿ): ಗಿರೀಶ, ಆ ವಿಡಿಯೊ ಮೇಲೆ ಬರೆದವನಿಗೆ ರಗ್ಬಿ ಅಂದ್ರೇನು ಅಂತಾನೇ ಗೊತ್ತಿಲ್ಲ. ಸೆಮಿ ರಾಡ್ರಾಡ್ರಾ ಕಣೋ. ನಾನಿರೋ ಕಡೆಯ ಟೀಮಿನಲ್ಲಿ, ಪ್ಯಾರಮಟ್ಟಾ ಈಲ್ಸ್‌ನಲ್ಲಿ ಐದು ಸೀಸನ್ ಆಡಿದವನು. 94 ಮ್ಯಾಚ್, 82 ಟ್ರೈ (ಎದುರಾಳಿಯ ಗೆರೆ ದಾಟಿ ಚೆಂಡು ನೆಲಕ್ಕೆ ಮುಟ್ಟಿಸೋದು). 2015ರಲ್ಲಿ 24 ಟ್ರೈ ಹೊಡೆದು ಇಲ್ಲಿನ ದೊಡ್ಡ ರಗ್ಬಿ ಲೀಗ್ ಟೂರ್ನಿ, ಇಡೀ ಎನ್‌ಆರ್‌ಎಲ್‌ಗೇ ಮೊದಲಿಗ.

ಗಿರೀಶ: ಅದೇ ಹೇಳ್ತಿರೋದು. ಅಷ್ಟು ಚೆನ್ನಾಗಿ ಆಡೋನು ಫಿಜಿ ಪರ ನೆಟ್ಟಗೆ ನಿಲ್ಲಬಾರದಾ? 2016ರಲ್ಲಿ ಆಸ್ಟ್ರೇಲಿಯಾ ಜೆರ್ಸಿ, 2019ರ ವಿಶ್ವಕಪ್‌ನಲ್ಲಿ ಫಿಜಿ ಜೆರ್ಸಿ. ಇದನ್ನ ಬಿಟ್ಟಿದ್ದು ಯಾವ ಐಸಿಸಿ?

ಮಂಜು (ಸಿಡ್ನಿ): ಎರಡೂ ಬೇರೆ ಆಟ ಮಾರಾಯ! 2016ರದ್ದು ರಗ್ಬಿ ಲೀಗ್: 13 ಜನ, ಆರು ಟ್ಯಾಕಲ್ (ಚೆಂಡು ಹಿಡಿದವನನ್ನ ತಡೆದು ಬೀಳಿಸೋದು) ಆದ್ರೆ ಚೆಂಡು ಎದುರಾಳಿಗೆ, ಟ್ರೈಗೆ 4 ಪಾಯಿಂಟ್. 2019ರದ್ದು ರಗ್ಬಿ ಯೂನಿಯನ್: 15 ಜನ, ಟ್ರೈಗೆ 5. ನಿಯಮ ಮಾಡೋ ಸಂಸ್ಥೆಗಳೂ ಬೇರೆ ಬೇರೆ. ಲೀಗ್‌ನಲ್ಲಿ ಯಾರ ಪರ ಆಡಿದ್ದೀಯ ಅನ್ನೋದು ಯೂನಿಯನ್ನಿನವರ ಲೆಕ್ಕಕ್ಕೇ ಇಲ್ಲ.

ಶೋಭಾ: ಅಂದ್ರೆ ಹಾಕಿ ಬೇರೆ, ಫುಟ್‌ಬಾಲ್ ಬೇರೆ ಅನ್ನೋ ಹಾಗಾ?

ಮಂಜು (ಸಿಡ್ನಿ): ಅಷ್ಟು ದೂರ ಅಲ್ಲ, ಅಣ್ಣತಮ್ಮಂದಿರೇ. 1895ರಲ್ಲಿ ಇಂಗ್ಲೆಂಡಿನ ಉತ್ತರದ ಕ್ಲಬ್‌ಗಳು ಜಗಳ ಮಾಡ್ಕೊಂಡು ಬೇರೆಯಾದವು. ಕೆಲಸ ಬಿಟ್ಟು ಆಡೋ ಕಾರ್ಮಿಕರಿಗೆ ಕೂಲಿ ಕೊಡಬೇಕು ಅಂತ ಅವರು, ಕೊಡಬಾರದು ಅಂತ ದೊಡ್ಡವರು. ಲೀಗ್ ಹುಟ್ಟಿದ್ದೇ ಸಂಬಳದ ಜಗಳದಿಂದ. ಅಂಥ ಆಟದಲ್ಲಿ ಇದ್ದವನನ್ನ 'ದುಡ್ಡಿಗಾಗಿ' ಅಂತ ಬೈಯ್ಯೋದು ನೋಡಿದ್ರೆ ನಗು ಬರುತ್ತೆ.

ಬಸವರಾಜ: 😂 ಗಿರ್ಯಾ, ಸಿಕ್ಕಿಬಿದ್ದಿ ನೋಡು.

ಗಿರೀಶ: ನಗಬೇಡಿ. ಆಟ ಬೇರೆ ಅಂತಾನೇ ಇಟ್ಕೊಳ್ಳೋಣ. ಲೀಗ್ ಒಳಗೇ ನೋಡಿ. ಮೊದಲು ಫಿಜಿ ಪರ ಆಡಿ, ಆಮೇಲೆ ಆಸ್ಟ್ರೇಲಿಯಾಗೆ ಹೋಗಿದ್ದು ನಿಜ ತಾನೆ? ಹುಟ್ಟಿದ್ದು ಫಿಜಿಯ ಸುವಾದಲ್ಲಿ.

ಮಂಜು (ಸಿಡ್ನಿ): ನಿಜ. 2016ರ ಮೇ, ನ್ಯೂಕ್ಯಾಸಲ್‌ನಲ್ಲಿ ನ್ಯೂಜಿಲೆಂಡ್ ವಿರುದ್ಧ. ಆಸ್ಟ್ರೇಲಿಯಾ 16-0. ಒಂದೇ ಒಂದು ಟೆಸ್ಟ್ (ಇಲ್ಲಿ ಅಂತರರಾಷ್ಟ್ರೀಯ ಮ್ಯಾಚಿಗೆ ಹಾಗಂತಾರೆ). ಇಲ್ಲಿ ವಾಸ ಮಾಡಿದ ವರ್ಷಗಳ ಲೆಕ್ಕದಲ್ಲಿ ಅರ್ಹತೆ ಸಿಕ್ಕಿತ್ತು. ಆಗ ಇಲ್ಲಿ ಪೇಪರಿನಲ್ಲೂ ನಿನ್ನಂಥವರು ಬೇಕಾದಷ್ಟು ಕೂಗಾಡಿದ್ರು. ತಮಾಷೆ ಏನಂದ್ರೆ, ಅದೇ ರಾಡ್ರಾಡ್ರಾ ಇಲ್ಲಿನ ಎರಡು ರಾಜ್ಯಗಳ ನಡುವಿನ ಸ್ಟೇಟ್ ಆಫ್ ಒರಿಜಿನ್ ಸರಣಿ ಆಡೋ ಹಾಗಿರಲಿಲ್ಲ. ಅದಕ್ಕೆ 13 ತುಂಬೋ ಮೊದಲೇ ಆ ರಾಜ್ಯದಲ್ಲಿ ಇದ್ದಿರಬೇಕು. ದೇಶಕ್ಕೆ ಆಡಬಹುದು, ರಾಜ್ಯಕ್ಕೆ ಆಡೋ ಹಾಗಿಲ್ಲ!

ಶೋಭಾ: ಇದು ಯಾವ ಸೀಮೆ ನಿಯಮ 🤦‍♀️

ಗಿರೀಶ: ನೋಡಿದ್ರಾ, ನಿಯಮ ಬಿಟ್ಟಿದೆ ಅಂತ ಮಾಡಿದ್ದೆಲ್ಲ ಸರಿಯಾಗಲ್ಲ.

ಶೋಭಾ: ಗಿರೀಶ, ಕರುಣ್ ನಾಯರ್ ಕರ್ನಾಟಕ ಬಿಟ್ಟು ವಿದರ್ಭಕ್ಕೆ ಹೋದಾಗ 'ಪಾಪ, ಅವಕಾಶ ಸಿಗದೆ ಹೋದ' ಅಂತ ಇದೇ ಗ್ರೂಪಲ್ಲಿ ಒಂದು ಪುಟ ಬರೆದವನು ನೀನು. ವಾಪಸ್ ಬಂದಾಗ ಹೂವಿನ ಇಮೋಜಿ ಹಾಕಿದವನೂ ನೀನೇ.

ಗಿರೀಶ: ಅದು ರಾಜ್ಯ, ಇದು ದೇಶ. ಎರಡನ್ನೂ ಒಂದೇ ತಕ್ಕಡಿಗೆ ಹಾಕಬೇಡ್ವೇ.

ಬಸವರಾಜ: ಶೋಭಾ ಹಳೇ ಮೆಸೇಜ್ ತಗದಳು ಅಂದ್ರ ಮುಗೀತು. ಹೊಟ್ಟಿಪಾಡು ನೋಡಬೇಕಲೇ. ಫಿಜಿ ಅಂದ್ರ ಒಂಬತ್ತು ಲಕ್ಷ ಮಂದಿ. ನಮ್ಮ ಹುಬ್ಬಳ್ಳಿ-ಧಾರವಾಡದಷ್ಟೂ ಇಲ್ಲ.

ಮಂಜು (ಸಿಡ್ನಿ): ಅಲ್ಲಿಗೇ ಬಂದೆ ನೋಡು ಬಸ್ಯಾ. ಆಗ ಫಿಜಿಯಲ್ಲಿ ಲೀಗ್ ಆಡಿ ಸಂಬಳ ತಗೊಳ್ಳೋ ಒಂದು ಟೀಮೂ ಇರಲಿಲ್ಲ. ಕೈವಿತಿ ಸಿಲ್ಕ್‌ಟೇಲ್ಸ್ ಅಂತ ಒಂದು ಟೀಮ್ ಇಲ್ಲಿನ ನ್ಯೂ ಸೌತ್ ವೇಲ್ಸ್ ಕೆಳಹಂತದ ಟೂರ್ನಿಗೆ ಸೇರಿದ್ದೇ 2020ರಲ್ಲಿ. ಚೆನ್ನಾಗಿ ಓಡೋ ಹುಡುಗ ಹದಿನೆಂಟಕ್ಕೋ ಇಪ್ಪತ್ತಕ್ಕೋ ವಿಮಾನ ಹತ್ತಲೇಬೇಕು. ಅಂದಹಾಗೆ 'ಆಟ ಬಿಟ್ಟ' ಅನ್ನೋದೂ ಸುಳ್ಳು. ಅವನು ಹುಡುಗನಾಗಿದ್ದಾಗ ಫಿಜಿಯ 20 ವರ್ಷದೊಳಗಿನ ಟೀಮಿಗೆ ಆಡಿದ್ದೇ ಯೂನಿಯನ್. ಈಲ್ಸ್ ಬಿಟ್ಟು ಫ್ರಾನ್ಸಿನ ಟೂಲೋನ್‌ಗೆ ಹೋಗಿದ್ದು ಅಂದ್ರೆ ಮೊದಲು ಆಡ್ತಿದ್ದ ಯೂನಿಯನ್ನಿಗೇ ವಾಪಸ್ ಹೋಗಿದ್ದು. ಆಮೇಲೆ ಬೋರ್ಡೊ, ಬ್ರಿಸ್ಟಲ್ ಕ್ಲಬ್‌ಗಳು. ಆ 2019ರ ವಿಶ್ವಕಪ್‌ನಲ್ಲಿ ಉರುಗ್ವೆ ಹತ್ರ 27-30ಕ್ಕೆ ಸೋತು ಫಿಜಿ ಮುಖ ಮುಚ್ಕೊಂಡಿತ್ತು. ಮುಂದಿನ ಮ್ಯಾಚಲ್ಲಿ ಜಾರ್ಜಿಯಾನ 45-10ಕ್ಕೆ ಹೊಡೆದ್ರು. ಆ ಮ್ಯಾಚಲ್ಲಿ ರಾಡ್ರಾಡ್ರಾ ಆಟ ಮಾತ್ರ ಪೂರ್ತಿ ನೋಡ್ರೋ, ಈ ಕತ್ತರಿಸಿದ ವಿಡಿಯೊ ಬಿಟ್ಟಾಕಿ.

ಶೋಭಾ: ಚಿನ್ನ ಯಾವಾಗ?

ಮಂಜು (ಸಿಡ್ನಿ): ಟೋಕಿಯೊ, 2021. ಅದು ಸೆವೆನ್ಸ್, ಯೂನಿಯನ್ನಿನ ಚಿಕ್ಕ ರೂಪ. ಏಳೇ ಜನ, ಏಳು ನಿಮಿಷದ ಎರಡು ಅವಧಿ. ಫೈನಲ್‌ನಲ್ಲಿ ನ್ಯೂಜಿಲೆಂಡ್ ಮೇಲೆ 27-12. ಫಿಜಿಯ ಮೊದಲನೇ ಚಿನ್ನ 2016ರ ರಿಯೊದಲ್ಲಿ, ಆಗ ಇವನು ಈಲ್ಸ್‌ನಲ್ಲೇ ಇದ್ದ. ಆ ಖುಷಿಗೆ ಫಿಜಿಯವರು ಏಳು ಡಾಲರಿನ ನೋಟೇ ಅಚ್ಚು ಹಾಕಿದ್ರು.

ಬಸವರಾಜ: ಏಳು ರೂಪಾಯಿ ನೋಟಾ? ಚಿಲ್ಲರಿ ಹೆಂಗ ಕೊಡ್ತಾರಪ್ಪಾ ಅಂಗಡ್ಯಾಗ 😄

ಗಿರೀಶ: ಮಾತು ತೇಲಿಸಬೇಡಿ. ವಿಲಿಯಾಮೆ ಕಿಕಾವು ಅಂತ ಒಬ್ಬ ಇದ್ದಾನಲ್ಲ, ಈಗಷ್ಟೇ ಹುಡುಕಿ ಓದಿದೆ. ಎನ್‌ಆರ್‌ಎಲ್‌ನ ಪೆನ್ರಿತ್ ಕ್ಲಬ್ ಜೊತೆ 2021, 2022 ಎರಡೂ ವರ್ಷ ಚಾಂಪಿಯನ್. ಅವನೂ ಅದೇ ಎನ್‌ಆರ್‌ಎಲ್ ಸಂಬಳ ತಗೊಂಡವನೇ. ಅಂತರರಾಷ್ಟ್ರೀಯ ಪಂದ್ಯ ಅಂದ್ರೆ ಫಿಜಿಗೇ ಆಡಿದ. ಕ್ಲಬ್ ಸಂಬಳ ಬೇರೆ, ದೇಶದ ಜೆರ್ಸಿ ಬೇರೆ. ಹೊಟ್ಟೆಪಾಡಿಗೆ ಈಲ್ಸ್ ಸಾಕಿತ್ತಲ್ಲ, ಆಸ್ಟ್ರೇಲಿಯಾದ ಕಾಂಗರೂ ಜೆರ್ಸಿ ಯಾಕೆ ಬೇಕಿತ್ತು?

ಬಸವರಾಜ: ಇದು ಖರೇ ಪಾಯಿಂಟ್.

ಶೋಭಾ: ಒಳ್ಳೆ ಪ್ರಶ್ನೆ. ಆದ್ರೆ ಅದನ್ನ ಸೆಮಿಗೆ ಮಾತ್ರ ಯಾಕೆ ಕೇಳ್ತೀವಿ, ಕರೆದವರಿಗೆ ಯಾಕಲ್ಲ? ಆಸ್ಟ್ರೇಲಿಯಾಗೆ ಮೈದಾನದ ಅಂಚಲ್ಲಿ ಓಡೋರು ಕಮ್ಮಿ ಇದ್ರಾ?

ಮಂಜು (ಸಿಡ್ನಿ): ಶೋಭಾ ಹೇಳಿದ್ದೇ ನನ್ನ ವಾದ. ಲೀಗ್ ವಿಶ್ವಕಪ್ ಸೆಮಿಫೈನಲ್‌ಗೆ ಫಿಜಿ ಮೂರು ಸಲ ಸಾಲಾಗಿ ಬಂತು, ಮೂರು ಸಲವೂ ಎದುರಿಗೆ ಆಸ್ಟ್ರೇಲಿಯಾ. 2008ರಲ್ಲಿ 52-0, 2013ರಲ್ಲಿ 64-0, 2017ರಲ್ಲಿ 54-6. ಸಣ್ಣ ದೇಶದ ಒಳ್ಳೇ ಆಟಗಾರರನ್ನ ಎಳ್ಕೊಂಡು, ಆಮೇಲೆ 'ಪೆಸಿಫಿಕ್ ಟೀಮ್‌ಗಳಲ್ಲಿ ದಮ್ಮಿಲ್ಲ' ಅಂದ್ರೆ ಹೇಗೆ? ಆದ್ರೂ ಅದೇ 2017ರ ಕ್ವಾರ್ಟರ್‌ನಲ್ಲಿ ಫಿಜಿ ನ್ಯೂಜಿಲೆಂಡನ್ನ ಅವರ ನೆಲದಲ್ಲೇ ಮನೆಗೆ ಕಳಿಸಿತ್ತು. ವೆಲ್ಲಿಂಗ್ಟನ್, 4-2. ಇಡೀ ಮ್ಯಾಚಲ್ಲಿ ಒಂದೂ ಟ್ರೈ ಇಲ್ಲ, ಬರೀ ಪೆನಾಲ್ಟಿ. ನನಗೆ ಗೊತ್ತಿರೋದ್ರಲ್ಲಿ ಅಷ್ಟು ಬಿಗಿಯಾದ ಮ್ಯಾಚ್ ಇನ್ನೊಂದಿಲ್ಲ.

ಮಂಜು (ಸಿಡ್ನಿ): ಇನ್ನು ಪೆಟೆರೊ ಸಿವೊನಿಸೆವಾ. ಸುವಾದಲ್ಲಿ ಹುಟ್ಟಿ ಇಲ್ಲಿನ ಕ್ವೀನ್ಸ್‌ಲ್ಯಾಂಡ್ ರಾಜ್ಯದ ರೆಡ್‌ಕ್ಲಿಫ್‌ನಲ್ಲಿ ಬೆಳೆದವನು. ಕ್ವೀನ್ಸ್‌ಲ್ಯಾಂಡಿಗೆ 33, ಆಸ್ಟ್ರೇಲಿಯಾಗೆ 45 ಲೀಗ್ ಮ್ಯಾಚ್ ಆಡಿದ. ಎಲ್ಲ ಮುಗಿಸಿ 2013ರ ವಿಶ್ವಕಪ್‌ಗೆ ಫಿಜಿ ಕ್ಯಾಪ್ಟನ್ ಆಗಿ ಹೋದ. ಅವನನ್ನ ಇಲ್ಲಿ ಯಾರೂ ದ್ರೋಹಿ ಅನ್ನಲ್ಲ, ಫಿಜಿಯವರಂತೂ ಅನ್ನಲ್ಲ.

ಗಿರೀಶ: ಪೆಟೆರೊ ಅಲ್ಲೇ ಬೆಳೆದವನು, ಲೆಕ್ಕ ಬೇರೆ. ವ್ಯವಸ್ಥೆ ಸರಿ ಇಲ್ಲ ಅನ್ನೋದನ್ನ ಒಪ್ತೀನಿ. ಆದ್ರೆ ಕಿಕಾವು ಅದೇ ವ್ಯವಸ್ಥೆಯೊಳಗೇ ಇದ್ದ. ಅವನ ವಿಷಯಕ್ಕೆ ನೀನು ಉತ್ತರ ಕೊಡಲೇ ಇಲ್ಲ ಮಂಜು.

ಮಂಜು (ಸಿಡ್ನಿ): ಇಲ್ಲಿ ರಾತ್ರಿ ಹನ್ನೊಂದೂವರೆ ಕಣೋ. ಬೆಳಗ್ಗೆ ಟ್ರೇನ್ ಹಿಡೀಬೇಕು.

ಗಿರೀಶ: ಉತ್ತರ ಇಲ್ಲ ಅಂತ ಹೇಳೋ.

ಬಸವರಾಜ: ಮಲಗಾಕ ಬಿಡಲೇ ಅವನ್ನ. ನಾಳೆ ನಾ ಕಿಕಾವು ಕಡೆ, ಶೋಭಾ ಸೆಮಿ ಕಡೆ.