ಸಹಾಯ ಬೇಕು: ರಂಗದ ಮೇಲೆ ಉಸಿರಾಡುವ ಕಲ್ಲು

ಮುಂಬೈ ಕನ್ನಡಿಗರಿಗೆ ನಮಸ್ಕಾರ. ಮಾಟುಂಗಾದ ಮಕ್ಕಳ ನಾಟಕಕ್ಕೆ ಒಂದು ಬೆಳಗುವ ಕಲ್ಲು ಆಗಬೇಕಿದೆ. ಕಥೆಯ ಊರಲ್ಲಿ ಬೆಂಕಿಯೂ ಇಲ್ಲ, ಕರೆಂಟೂ ಇಲ್ಲ. ಭೂಮಿಯೊಳಗಿನ 'ನೆಲದುಸಿರು' ಈ ಕಲ್ಲಲ್ಲಿ ತುಂಬಿಕೊಂಡು ಗಾಣ, ದೀಪ ಎಲ್ಲ ನಡೆಸುತ್ತದೆ. ಅತಿಯಾಗಿ ಹೀರಿದರೆ ನೀಲಿ ಕಂದಿ ಕೆಂಪಾಗುತ್ತದೆ. ಹಾಗಾಗಿ ಬೆಳಕು ಪಟ್ಟನೆ ಹತ್ತಿ ಆರಬಾರದು. ನಾಲ್ಕು ಸೆಕೆಂಡ್ ಏರಿ, ಆರು ಸೆಕೆಂಡ್ ಇಳಿಯಬೇಕು.

ಒಳಗೆ 5 ವೋಲ್ಟಿನ ಡಬ್ಲ್ಯೂಎಸ್ 2812ಬಿ (ಒಂದೊಂದರ ಬಣ್ಣವನ್ನೂ ಕೋಡಿನಿಂದ ಬದಲಿಸಬಹುದಾದ) ಎಲ್‌ಇಡಿ 30, ಅವನ್ನು ನಡೆಸುವ ಪುಟ್ಟ ಬೋರ್ಡ್ ಆರ್ಡುಯಿನೊ ನ್ಯಾನೊ, ಡೇಟಾ ವೈರಿಗೆ 330 ಓಮ್ ರೆಸಿಸ್ಟರ್, ಪವರ್ ಲೈನಿಗೆ 1000 ಮೈಕ್ರೊಫ್ಯಾರಡ್ ಕೆಪಾಸಿಟರ್. ಪೂರ್ತಿ ಬಿಳಿಗೆ ತಲಾ 60 ಮಿಲಿಆಂಪ್ ಹಿಡಿದರೂ 1.8 ಆಂಪ್ ದಾಟದು. ಇವೆಲ್ಲ ಲ್ಯಾಮಿಂಗ್ಟನ್ ರೋಡಲ್ಲಿ ಸಿಗುತ್ತವೆ.

ತೊಂದರೆ ಇರುವುದು ಕಲ್ಲಿನ ಮೈ ಎರೆಯುವ ಎಪಾಕ್ಸಿಯಲ್ಲಿ (ಹಾರ್ಡನರ್ ಬೆರೆಸಿದರೆ ಗಟ್ಟಿಯಾಗುವ ರಾಳ). 8 ಸೆಂಟಿಮೀಟರ್ ದಪ್ಪವನ್ನು ಒಂದೇ ಸಲ ಹೊಯ್ದರೆ ಒಳಗೆ ಶಾಖ ಏರಿ ಬಿರುಕು ಬಿಡುತ್ತದೆ. 1 ಸೆಂಟಿಮೀಟರಿನ ಪದರಗಳಲ್ಲಿ ಹೊಯ್ದರೆ, ಮಳೆಗಾಲದ ತೇವಕ್ಕೆ ಹಾರ್ಡನರ್ ಬೆವೆತು ಪ್ರತಿ ಪದರದ ಮೇಲೂ ಅಂಟಂಟಾದ ಬಿಳಿ ಪೊರೆ ಕಟ್ಟುತ್ತದೆ; ಬೆರಳಿಟ್ಟರೆ ಮೇಣದಂತೆ ಜಾರುತ್ತದೆ. ಅದನ್ನು ಬಿಸಿನೀರಲ್ಲಿ ತೊಳೆದು, ಒಣಗಿಸಿ, ಉಜ್ಜದೆ ಮುಂದಿನ ಪದರ ಹಿಡಿಯುವುದಿಲ್ಲ. ಒಂದು ಲೀಟರ್ ಗಟ್ಟಿ ಎಪಾಕ್ಸಿ 1.1 ಕಿಲೊ ತೂಗುತ್ತದೆ, ಹತ್ತು ವರ್ಷದ ಮಗುವಿನ ಕೈಗೆ ಅದು ಭಾರವೇ. ಒಳಗೆ ಪೊಳ್ಳು ಬಿಡುವುದೇ ಸರಿ ಅನಿಸುತ್ತದೆ.

ಡೊಂಬಿವಲಿಯಿಂದ ದಾದರ್‌ವರೆಗೆ ಯಾರ ಬಳಿಯಾದರೂ ಎರಡು ದಿನಕ್ಕೆ ಎಸಿ ಕೋಣೆ ಸಿಕ್ಕೀತೇ? ಪೊಳ್ಳು ಎರಕಕ್ಕೆ ಸಿಲಿಕೋನ್ ಅಚ್ಚು ಮಾಡಬಲ್ಲವರಿದ್ದೀರಾ? ಇನ್ನೊಂದು: ಬೆಳಕು ಮಂದವಾದಾಗ ಮೆಟ್ಟಿಲು ಮೆಟ್ಟಿಲಾಗಿ ಕುಪ್ಪಳಿಸುತ್ತದೆ, ಗಾಮಾ 2.2 (ಬೆಳಕು ಕಣ್ಣಿಗೆ ಸಮನಾಗಿ ಏರಿಳಿದಂತೆ ಕಾಣಿಸುವ ಲೆಕ್ಕ) ಹಾಕಿದರೂ ಹೋಗಿಲ್ಲ. ಕೋಡ್ ಬಲ್ಲವರು ದಯವಿಟ್ಟು ದಾರಿ ತೋರಿಸಿ.